ಶಂಕರ್‌ನಾಗ್: ಎರಡು ಖಾತೆ, ಒಂದೇ ಬದುಕು

1990ರ ಸೆಪ್ಟೆಂಬರ್ 30, ಭಾನುವಾರ. ದಸರೆಗೆಂದು ಊರಿಗೆ ಬಂದಿದ್ದ ನಾನು ಮಧ್ಯಾಹ್ನ ಹರಪನಹಳ್ಳಿಯಿಂದ ದಾವಣಗೆರೆಯ ಬಸ್ಸು ಹತ್ತಿದ್ದೆ. ಅಲ್ಲಿಂದ ಬೆಂಗಳೂರಿನ ಬಸ್ಸು ಹಿಡಿದು ಸೋಮವಾರ ಬೆಳಿಗ್ಗೆ ಕಚೇರಿಗೆ ಹಾಜರಾಗಬೇಕಿತ್ತು. ದಾವಣಗೆರೆಯ ನಿಲ್ದಾಣದಲ್ಲಿ ಇಳಿಯುತ್ತಿದ್ದಂತೆ ಏನೋ ಅನಾಹುತ ಸಂಭವಿಸಿದೆಯೆಂಬುದು ಜನರ ಮುಖಗಳಿಂದಲೇ ತಿಳಿಯಿತು. ಆಟೊ ಚಾಲಕರು ಬಾಡಿಗೆ ಬಿಟ್ಟು ಗುಂಪುಗುಂಪಾಗಿ ನಿಂತಿದ್ದರು. ಬೆಳಗಿನ ಜಾವ ಊರ ಹೊರಗಿನ ಆನಗೋಡಿನ ಬಳಿ ಕಾರು ಅಪಘಾತಕ್ಕೀಡಾಗಿ ಶಂಕರ್‌ನಾಗ್ ತೀರಿಕೊಂಡಿದ್ದರು. ಪತ್ನಿ ಅರುಂಧತಿ ಅವರಿಗೆ ತೀವ್ರ ಪೆಟ್ಟಾಗಿತ್ತು. ‘ಜೋಕುಮಾರಸ್ವಾಮಿ’ ಚಿತ್ರದ ಚಿತ್ರೀಕರಣಕ್ಕೆಂದು ಅವರು ಉತ್ತರದ ಕಡೆಗೆ ಹೊರಟಿದ್ದರು.

ಬೆಂಗಳೂರಿನ ಬಸ್ಸು ಆನಗೋಡನ್ನು ಹಾದುಹೋಗುವಾಗ ರಸ್ತೆಯ ಬದಿಯಲ್ಲಿ ಇನ್ನೂ ಜನ ನಿಂತಿದ್ದರು. ಯಾರೂ ಹೇಳದೆಯೇ ಚಾಲಕ ಬಸ್ಸಿನ ವೇಗ ತಗ್ಗಿಸಿದ. ಒಳಗಿದ್ದವರೆಲ್ಲ ಒಂದೇ ಬದಿಯ ಕಿಟಕಿಗಳತ್ತ ವಾಲಿದರು. ನನ್ನ ಪಕ್ಕದಲ್ಲಿ ಕುಳಿತಿದ್ದ ಹಿರಿಯರೊಬ್ಬರು ಟವೆಲಿನಿಂದ ಮುಖ ಒರೆಸಿಕೊಂಡರು. ಸಿನಿಮಾ ನಟನೊಬ್ಬನ ಸಾವಿಗೆ ಅಪರಿಚಿತರು ಹೀಗೆ ಮರುಗುವುದನ್ನು ಕಂಡು ನಾನು ಅಚ್ಚರಿಪಟ್ಟೆ ಎಂದು ಬರೆದರೆ ಅದು ಪ್ರಾಮಾಣಿಕವಾದ ಮಾತಾಗದು. ಅಂದು ನನ್ನನ್ನು ಕಾಡಿದ್ದು ಅಪರಾಧ ಪ್ರಜ್ಞೆ. ಆ ನಟನ ಬಗ್ಗೆ ಹತ್ತು ವರ್ಷಗಳ ಹಿಂದೆಯೇ ನಾನೊಂದು ತೀರ್ಪು ಬರೆದು ಮುಗಿಸಿದ್ದೆ. ಆ ತೀರ್ಪು ತಪ್ಪೆಂದು ಅರಿವಾಗಲು ನನಗೆ ಇನ್ನೂ ಹಲವು ವರ್ಷ ಬೇಕಾದವು.

ತೀರ್ಪಿನ ಕಥೆಯನ್ನು ಮೊದಲಿನಿಂದ ಹೇಳಬೇಕು. ಶಂಕರ್ ನಾಗರಕಟ್ಟೆ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡ ಜಿಲ್ಲೆಯ ಹೊನ್ನಾವರದ ಸೀಮೆಯಲ್ಲಿ. ಮನೆಮಾತು ಕೊಂಕಣಿ. ತಾರುಣ್ಯ ಕಳೆದದ್ದು ಮುಂಬೈಯಲ್ಲಿ. ಅಣ್ಣ ಅನಂತ್‌ನಾಗ್ ಅದಾಗಲೇ ಮುಂಬೈ ರಂಗಭೂಮಿಯಿಂದ ಚಿತ್ರರಂಗಕ್ಕೆ ನಡೆದುಹೋಗಿದ್ದರು. 1973ರ ‘ಸಂಕಲ್ಪ’, 1974ರ ಶ್ಯಾಮ್ ಬೆನಗಲ್ ಅವರ ‘ಅಂಕುರ್’ ಚಿತ್ರಗಳಿಂದ ಅವರು ಹೆಸರಾಗಿದ್ದರು. ತಮ್ಮನ ಒಲವು ನಾಟಕದ ಮೇಲೆ. ಮರಾಠಿ ರಂಗಭೂಮಿಯಲ್ಲಿ ನಟಿಸುತ್ತ, ಬರೆಯುತ್ತ, ತೆರೆಯ ಹಿಂದಿನ ಎಲ್ಲ ಕೆಲಸಗಳನ್ನೂ ಮಾಡುತ್ತ ಅವರು ಬೆಳೆದರು. ಅರುಂಧತಿ ಅವರ ಪರಿಚಯವಾದದ್ದೂ ಆ ರಂಗಭೂಮಿಯಲ್ಲಿಯೇ. ಪುಣೆಯ ಪ್ಲೇಗ್ ಕಮಿಷನರ್ ರ‍್ಯಾಂಡ್‌ನ ಹತ್ಯೆ ಮತ್ತು ಚಾಪೇಕರ್ ಸೋದರರ ಕಥೆಯನ್ನು ಹೇಳುವ ‘22 ಜೂನ್ 1897’ ಎಂಬ ಮರಾಠಿ ಚಿತ್ರದ ಚಿತ್ರಕಥೆಯಲ್ಲಿ ಅವರ ಪಾಲಿದೆ. 1979ರ ಆ ಚಿತ್ರ ಇಂದಿಗೂ ಗೌರವದಿಂದ ನೆನೆಯಲಾಗುವ ಕೃತಿ.

ಆ ಕಾಲದ ಕನ್ನಡ ಚಿತ್ರರಂಗದ ಸ್ಥಿತಿಯನ್ನೂ ಇಲ್ಲಿ ನೆನೆಯಬೇಕು. 1970ರಲ್ಲಿ ‘ಸಂಸ್ಕಾರ’, 1975ರಲ್ಲಿ ‘ಚೋಮನ ದುಡಿ’, 1977ರಲ್ಲಿ ‘ಘಟಶ್ರಾದ್ಧ’. ಹೀಗೆ ಒಂದೇ ದಶಕದಲ್ಲಿ ಮೂರು ಸಲ ರಾಷ್ಟ್ರಪತಿಗಳ ಸ್ವರ್ಣಕಮಲ ಕನ್ನಡಕ್ಕೆ ಬಂದಿತ್ತು. ದೊಡ್ಡ ಬಂಡವಾಳಗಾರರ ಹಂಗಿಲ್ಲದೆ, ಕಡಿಮೆ ಹಣದಲ್ಲಿ, ಸಾಹಿತ್ಯ ಮತ್ತು ರಂಗಭೂಮಿಯ ಜನ ಕೈಜೋಡಿಸಿ ತೆಗೆದ ಚಿತ್ರಗಳಿವು. ಅವುಗಳನ್ನು ನಾವು ಹೊಸ ಅಲೆ ಎಂದೆವು, ಕಲಾತ್ಮಕ ಎಂದೆವು, ಸಮಾನಾಂತರ ಎಂದೆವು. ಈಗಿನವರು ಸ್ವತಂತ್ರ ಸಿನಿಮಾ ಎನ್ನುತ್ತಾರೆ. ಹೆಸರು ಯಾವುದಾದರೂ ಆರ್ಥಿಕ ಸತ್ಯ ಒಂದೇ: ಅಂಥ ಚಿತ್ರ ಪ್ರಶಸ್ತಿ ತರುತ್ತಿತ್ತು, ಆದರೆ ಹಾಕಿದ ಹಣ ಮರಳಿಸುವ ಭರವಸೆ ಕೊಡುತ್ತಿರಲಿಲ್ಲ.

ಈ ಅಲೆಯ ಮೇಲೆ 1978ರಲ್ಲಿ ಬಂದದ್ದು ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’. ಹೊಯ್ಸಳರ ಕಾಲದ ಮಲೆನಾಡು. ದಾಯಾದಿ ಮತ್ಸರದಲ್ಲಿ ಬೇಯುವ ಇಬ್ಬರು ಸೋದರ ನಾಯಕರು. ಅವರಿಗಾಗಿ ಹಣಕ್ಕೆ ಕತ್ತಿ ಹಿಡಿದ ದಂಡಾಳುಗಳು. ಗಂಡುಗಲಿಯಾಗಿ ಶಂಕರ್‌ನಾಗ್, ಅವನ ಸರಿಸಮಾನ ಎದುರಾಳಿ ಪೆರ್ಮಾಡಿಯಾಗಿ ಸುಂದರ್‌ಕೃಷ್ಣ ಅರಸ್. ನಮ್ಮ ಹರಪನಹಳ್ಳಿಯೂ ಪಾಳೆಯಗಾರರ ಊರು. ಸೋಮಶೇಖರ ನಾಯಕನ ಕಥೆಗಳನ್ನೂ ಚಿತ್ರದುರ್ಗದವರೊಡನೆ ನಡೆದ ಕಾಳಗಗಳ ಕಥೆಗಳನ್ನೂ ಕೇಳುತ್ತ ಬೆಳೆದ ನನಗೆ ಆ ಚಿತ್ರ ಪರದೇಶದ್ದೆನಿಸಲಿಲ್ಲ. ಯಾರದೋ ಜಗಳಕ್ಕೆ ಯಾರೋ ರಕ್ತ ಹರಿಸುವ ಕಥೆಯನ್ನು ನಮ್ಮ ಕಡೆಯ ಪ್ರತಿಯೊಂದು ಹಾಳು ಕೋಟೆಯೂ ಹೇಳುತ್ತದೆ.

ಆದರೂ ಅದರ ಬೇರುಗಳಲ್ಲೊಂದು ಪರದೇಶದಲ್ಲಿಯೇ ಇತ್ತು. ಜಪಾನಿನ ಅಕಿರಾ ಕುರೊಸಾವಾನ ಸಮುರಾಯ್ ಚಿತ್ರಗಳಿಗೆ ಕಾರ್ನಾಡರು ಸಲ್ಲಿಸಿದ ಗೌರವವೆಂದೇ ವಿಮರ್ಶಕರು ಈ ಚಿತ್ರವನ್ನು ಗುರುತಿಸಿದ್ದಾರೆ. 1961ರ ‘ಯೊಜಿಂಬೊ’ ಚಿತ್ರದಲ್ಲಿ ಒಂದೇ ಊರಿನ ಎರಡು ಬಣಗಳ ನಡುವೆ ಕತ್ತಿ ಮಾರುವ ಒಡೆಯನಿಲ್ಲದ ಸಮುರಾಯ್ ಆಗಿ ತೊಶಿರೊ ಮಿಫುನೆ ನಟಿಸಿದ್ದ. ಅದೇ ಮಿಫುನೆ ‘ಸೆವೆನ್ ಸಮುರಾಯ್’ ಚಿತ್ರದಲ್ಲಿ ಕುಣಿದು ಕುಪ್ಪಳಿಸಿದ ವರ್ಷ 1954. ಶಂಕರ್ ಹುಟ್ಟಿದ ವರ್ಷವೂ ಅದೇ. ಕಾಲೇಜಿನ ದಿನಗಳಲ್ಲಿ ನನಗೆ ಇದೊಂದೂ ಗೊತ್ತಿರಲಿಲ್ಲ. ಹರಿದ ಕಚ್ಚೆ, ಕೆದರಿದ ಗಡ್ಡ, ಮೈಯೆಲ್ಲ ಕಣ್ಣಾಗಿ ಕಾಯುವ ಆ ನಿಲುವು ಮಾತ್ರ ಮನಸ್ಸಿನಲ್ಲಿ ನಿಂತಿತು. ತೆರೆಯ ಮೇಲೆ ಅಂಥ ಕನ್ನಡದ ಮೈಯನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ.

1979ರಲ್ಲಿ ದೆಹಲಿಯಲ್ಲಿ ನಡೆದ ಭಾರತದ 7ನೇ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಗಂಡುಗಲಿಯ ಪಾತ್ರಕ್ಕಾಗಿ ಶಂಕರ್‌ನಾಗ್ ಅವರಿಗೆ ಅತ್ಯುತ್ತಮ ನಟ ಪ್ರಶಸ್ತಿ, ರಜತ ಮಯೂರ ದೊರಕಿತು. ಮೊದಲ ದೊಡ್ಡ ಪಾತ್ರಕ್ಕೇ ಅಂತರರಾಷ್ಟ್ರೀಯ ಮನ್ನಣೆ. ವಯಸ್ಸು ಇನ್ನೂ 24. ಧಾರವಾಡದ ವಿದ್ಯಾರ್ಥಿ ನಿಲಯದಲ್ಲಿ ನಮ್ಮ ಗೆಳೆಯರ ಗುಂಪು ಆ ಪ್ರಶಸ್ತಿಯನ್ನು ಸ್ವಂತಕ್ಕೆ ಬಂದ ಬಹುಮಾನವೆಂಬಂತೆ ಸಂಭ್ರಮಿಸಿತು. ಇನ್ನು ಮುಂದೆ ಈ ನಟ ನಮ್ಮವನು, ಹೊಸ ಅಲೆಯವನು ಎಂದು ನಾವು ನಿಶ್ಚಯಿಸಿಬಿಟ್ಟೆವು.

ಅವರು ನಮ್ಮ ನಿಶ್ಚಯಕ್ಕಾಗಿ ಕಾಯಲಿಲ್ಲ. 1979ರಲ್ಲಿ ‘ಸೀತಾರಾಮು’ ಬಂತು. 1980ರಲ್ಲಿ ‘ಆಟೊ ರಾಜ’ ಬಂದು ಊರೂರುಗಳನ್ನು ಗೆದ್ದಿತು. ರಜೆಗೆ ಊರಿಗೆ ಬಂದಾಗ ನಾನದನ್ನು ಟೂರಿಂಗ್ ಟಾಕೀಸಿನಲ್ಲಿ ನೋಡಿದೆ. ಮುಂದೆ ಮರಳಿನ ಮೇಲೆ ಕುಳಿತವರು ಶಿಳ್ಳೆ ಹೊಡೆದರು, ಚಿಲ್ಲರೆ ತೂರಿದರು. ಹಿಂದೆ ಕುರ್ಚಿಯಲ್ಲಿ ಕುಳಿತ ನಾನು ತುಟಿ ಬಿಗಿಹಿಡಿದಿದ್ದೆ. ಕುರೊಸಾವಾನ ಹಾದಿಯಲ್ಲಿ ನಡೆಯಬೇಕಾದವನು ಖಾಕಿ ಅಂಗಿ ತೊಟ್ಟು ಹಾಡುತ್ತಿದ್ದಾನಲ್ಲ ಎಂಬ ಸಂಕಟ. ಅದಾದ ಮೇಲೆ ಕರಾಟೆ, ಹೊಡೆದಾಟ, ಪೊಲೀಸ್ ಅಧಿಕಾರಿ, ಸೇಡು ಎನ್ನುತ್ತ ಚಿತ್ರಗಳು ಸಾಲುಗಟ್ಟಿದವು. ಅಂದೇ ನಾನು ನನ್ನ ತೀರ್ಪು ಬರೆದೆ: ಪ್ರತಿಭೆ ಮಾರಾಟವಾಯಿತು. ಅರ್ಥಶಾಸ್ತ್ರದ ಸ್ನಾತಕೋತ್ತರ ಪದವಿಗೆ ಓದುತ್ತಿದ್ದ ಹುಡುಗನಿಗೆ ಮಾರಾಟ ಎಂಬ ಶಬ್ದ ಬೈಗುಳದಂತೆ ಕೇಳಿಸಿದ್ದು ವಿಚಿತ್ರವೇ ಸರಿ.

ಈಗ ಲೆಕ್ಕವನ್ನು ಸರಿಯಾಗಿ ಬರೆಯೋಣ. 1978ರಿಂದ 1990ರವರೆಗಿನ 12 ವರ್ಷಗಳಲ್ಲಿ ಅವರು 80ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ಸರಾಸರಿ ತೆಗೆದರೆ ಎರಡು ತಿಂಗಳು ತುಂಬುವ ಮೊದಲೇ ಒಂದು ಚಿತ್ರ. ಅವುಗಳಲ್ಲಿ ಬಹುಪಾಲು ಇಂದು ಯಾರಿಗೂ ನೆನಪಿಲ್ಲ. ನೆನಪಿಡಬೇಕೆಂದು ಬಹುಶಃ ಅವರೂ ಬಯಸಿರಲಿಲ್ಲ. ಇದು ಒಂದು ಖಾತೆ.

ಇನ್ನೊಂದು ಖಾತೆಯ ಪುಟಗಳನ್ನು ತಿರುವಿದರೆ ಅದೇ ವರ್ಷಗಳಲ್ಲಿ ಬೇರೆಯೇ ನಮೂದುಗಳು ಕಾಣುತ್ತವೆ. 1980ರಲ್ಲಿ ‘ಮಿಂಚಿನ ಓಟ’ ನಿರ್ದೇಶಿಸಿದರು. ಕಾರು ಕದಿಯುವ ಮೂವರು, ಅವರ ಸೆರೆವಾಸ, ಅಲ್ಲಿಂದ ತಪ್ಪಿಸಿಕೊಳ್ಳುವ ಹಂಚಿಕೆ. ಅನಂತ್‌ನಾಗ್ ಮತ್ತು ಲೋಕನಾಥ್ ಅವರೊಡನೆ ತಾವೂ ನಟಿಸಿದರು. ಮೊದಲ ನಿರ್ದೇಶನವೇ ಹಲವು ರಾಜ್ಯ ಪ್ರಶಸ್ತಿಗಳನ್ನು ಗಳಿಸಿತು. 1981ರಲ್ಲಿ ‘ಗೀತಾ’ ಬಂತು. ಇಳಯರಾಜ ಅವರ ಸಂಗೀತದಿಂದಾಗಿ ಅದರ ಹಾಡುಗಳು ಇಂದಿನ ತರುಣರಿಗೂ ಪರಿಚಿತ. 1984ರಲ್ಲಿ ಕಾರ್ನಾಡರ ಹಿಂದಿ ಚಿತ್ರ ‘ಉತ್ಸವ್’ನಲ್ಲಿ ಕಳ್ಳ ಸಜ್ಜಲನ ಪಾತ್ರ ವಹಿಸಿದರು. ಆಮೇಲೆ ಬಂದದ್ದು ‘ಆಕ್ಸಿಡೆಂಟ್’.

‘ಆಕ್ಸಿಡೆಂಟ್’ ಚಿತ್ರದ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕು. ಮಾದಕ ದ್ರವ್ಯದ ಅಮಲಿನಲ್ಲಿ ಕಾರು ಓಡಿಸುವ ರಾಜಕಾರಣಿಯ ಮಗ ಪಾದಚಾರಿ ದಾರಿಯಲ್ಲಿ ಮಲಗಿದ್ದ ಬಡವರ ಮೇಲೆ ಅದನ್ನು ಹರಿಸುತ್ತಾನೆ. ತಂದೆ ಪ್ರಕರಣ ಮುಚ್ಚಿಹಾಕಲು ಹೊರಡುತ್ತಾನೆ. ಪತ್ರಕರ್ತನೊಬ್ಬ ಬೆನ್ನು ಹತ್ತುತ್ತಾನೆ. ರಾಜಕಾರಣಿಯಾಗಿ ಅನಂತ್‌ನಾಗ್, ಪತ್ರಕರ್ತನಾಗಿ ಶಂಕರ್. ಹಾಡಿಲ್ಲ, ಕುಣಿತವಿಲ್ಲ, ಅನವಶ್ಯಕ ಮಾತಿಲ್ಲ. ಸಾಮಾಜಿಕ ಸಮಸ್ಯೆಯನ್ನು ಕುರಿತ ಚಿತ್ರವೆಂಬ ನೆಲೆಯಲ್ಲಿ 1984ರ ಸಾಲಿನ ರಾಷ್ಟ್ರಪ್ರಶಸ್ತಿ ಅದಕ್ಕೆ ಸಂದಿತು. ಆಡಳಿತದೊಳಗಿದ್ದ ನನ್ನಂಥವರಿಗೆ ಆ ಚಿತ್ರ ಇರಿಯುವಂತಿತ್ತು. ಕಡತವೊಂದು ಸದ್ದಿಲ್ಲದೆ ದಾರಿ ತಪ್ಪುವುದು ಹೇಗೆ, ದೂರವಾಣಿಯ ಒಂದು ಕರೆ ಏನು ಮಾಡಬಲ್ಲದು ಎಂಬುದು ನಮಗೆ ಗೊತ್ತಿತ್ತು. ಸಾಹಸ ಚಿತ್ರಗಳ ನಾಯಕನಿಗೆ ಅದು ಇಷ್ಟು ನಿಖರವಾಗಿ ಗೊತ್ತಿರಬಹುದೆಂದು ನಾವು ಊಹಿಸಿರಲಿಲ್ಲ.

ಆಮೇಲಿನದು ದೇಶಕ್ಕೇ ಗೊತ್ತಿರುವ ಕಥೆ. ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ದೂರದರ್ಶನಕ್ಕಾಗಿ ಚಿತ್ರಿಸುವ ಹೊಣೆಯನ್ನು ನಿರ್ಮಾಪಕ ಟಿ.ಎಸ್. ನರಸಿಂಹನ್ ಅವರಿಗೆ ವಹಿಸಿದರು. 1986ರಲ್ಲಿ ‘ಮಾಲ್ಗುಡಿ ಡೇಸ್’ ಪ್ರಸಾರವಾಯಿತು. ಆಗುಂಬೆಯ ಮಳೆಯ ಬೀದಿಗಳು ಮಾಲ್ಗುಡಿಯಾದವು. ಎಲ್. ವೈದ್ಯನಾಥನ್ ಅವರ ಸಂಗೀತ, ಆರ್.ಕೆ. ಲಕ್ಷ್ಮಣ್ ಅವರ ರೇಖೆಗಳು, ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅವನ ಅಪ್ಪನಾಗಿ ಗಿರೀಶ ಕಾರ್ನಾಡ. ಕನ್ನಡ ರಂಗಭೂಮಿಯ ಹತ್ತಾರು ಕಲಾವಿದರು ಹಿಂದಿಯ ಮನೆಮನೆಗೆ ಪರಿಚಿತರಾದರು. ದೊಡ್ಡ ಪಟ್ಟಣದ ಕೃತಕ ಸೆಟ್ಟುಗಳಿಲ್ಲದೆ, ಹೆಸರಾಂತ ತಾರೆಯರ ನೆರವಿಲ್ಲದೆ, ಇಡೀ ದೇಶ ನಮ್ಮದೆನ್ನುವಂಥ ಊರೊಂದನ್ನು ಮಲೆನಾಡಿನ ಮೂಲೆಯಲ್ಲಿ ಕಟ್ಟಬಹುದೆಂದು ಅವರು ತೋರಿಸಿದರು. 1987ರಲ್ಲಿ ಡಾ. ರಾಜ್‌ಕುಮಾರ್ ಅವರನ್ನು ನಿರ್ದೇಶಿಸಿ, ಕಡಲಾಳದಲ್ಲಿ ಚಿತ್ರೀಕರಿಸಿದ ‘ಒಂದು ಮುತ್ತಿನ ಕಥೆ’ ತಂದರು. ನಾಟಕವನ್ನೂ ಬಿಡಲಿಲ್ಲ. ಮುಂಬೈಯಿಂದ ಬಂದೊಡನೆ ಅರುಂಧತಿ ಅವರೊಡನೆ ಕಟ್ಟಿದ ‘ಸಂಕೇತ್’ ತಂಡ ‘ಅಂಜುಮಲ್ಲಿಗೆ’, ‘ನೋಡಿ ಸ್ವಾಮಿ ನಾವಿರೋದು ಹೀಗೆ’, ‘ನಾಗಮಂಡಲ’ ಮುಂತಾದ ನಾಟಕಗಳನ್ನು ಆಡಿತು.

ಈ ಎರಡು ಖಾತೆಗಳನ್ನು ಬೇರೆಬೇರೆಯಾಗಿ ಓದಿದ್ದೇ ನನ್ನ ತಪ್ಪು. ನಮ್ಮ ರಸ್ತೆ ಸಾರಿಗೆ ಸಂಸ್ಥೆ ಬೆಂಗಳೂರು–ಹುಬ್ಬಳ್ಳಿಯಂಥ ಮಾರ್ಗದ ಗಳಿಕೆಯಿಂದ ಕೂಡ್ಲಿಗಿ, ಹಡಗಲಿಯ ಹಳ್ಳಿಗಳಿಗೆ ಬಸ್ಸು ಓಡಿಸುತ್ತದೆ. ಹಳ್ಳಿಯ ಬಸ್ಸನ್ನು ಮಾತ್ರ ಹೊಗಳಿ ಹೆದ್ದಾರಿಯ ಬಸ್ಸನ್ನು ಹಳಿಯುವುದು ಲೆಕ್ಕ ತಿಳಿಯದವರ ಮಾತು. ಶಂಕರ್ ನಡೆಸಿದ್ದೂ ಇದೇ ಬಗೆಯ ವ್ಯವಸ್ಥೆ. ಜನಪ್ರಿಯ ಚಿತ್ರಗಳು ತಂದ ಹಣ ಮತ್ತು ಹೆಸರು, ಎರಡನ್ನೂ ಅವರು ಬೇರೆಡೆ ತೊಡಗಿಸಿದರು. ಕನ್ನಡ ಚಿತ್ರಗಳ ಧ್ವನಿಮುದ್ರಣಕ್ಕೆ ಮದರಾಸಿಗೆ ಎಡತಾಕುತ್ತಿದ್ದ ಕಾಲದಲ್ಲಿ ಬೆಂಗಳೂರಿನಲ್ಲಿ ಸಂಕೇತ್ ಎಲೆಕ್ಟ್ರಾನಿಕ್ಸ್ ಎಂಬ ಧ್ವನಿಮುದ್ರಣ ಕೇಂದ್ರ ತೆರೆದರು. ತನ್ನ ಹಣ ಹಾಕಿ ಎಲ್ಲರ ಉಪಯೋಗಕ್ಕೆ ಬರುವ ಸೌಕರ್ಯ ನಿರ್ಮಿಸುವುದನ್ನು ಅರ್ಥಶಾಸ್ತ್ರದ ಪಠ್ಯಗಳು ಸರ್ಕಾರದ ಕೆಲಸವೆನ್ನುತ್ತವೆ. ನಂದಿಬೆಟ್ಟಕ್ಕೆ ರೋಪ್‌ವೇ, ಬಡವರಿಗೆ ಅಗ್ಗದ ಮನೆ, ಬೆಂಗಳೂರಿಗೆ ಮೆಟ್ರೊ ರೈಲು ಎಂದು ಅವರು ಯೋಜನೆ ಹಿಡಿದು ಓಡಾಡುತ್ತಿದ್ದಾಗ ಸಚಿವಾಲಯದ ಮೊಗಸಾಲೆಗಳಲ್ಲಿ ನಾವು ಮುಗುಳ್ನಕ್ಕದ್ದುಂಟು. ನಟನಿಗೇಕೆ ಈ ಉಸಾಬರಿ ಎಂಬ ನಗೆ ಅದು. ಬೆಂಗಳೂರಿನ ಮೊದಲ ಮೆಟ್ರೊ ಓಡಿದ್ದು 2011ರಲ್ಲಿ, ಅವರು ತೀರಿಕೊಂಡ 21 ವರ್ಷಗಳ ಮೇಲೆ.

ಇಂಥ ದಾರಿ ಹಿಡಿದವರಲ್ಲಿ ಅವರು ಮೊದಲಿಗರೇನೂ ಅಲ್ಲ. ‘ಉತ್ಸವ್’ ಚಿತ್ರದ ನಿರ್ಮಾಪಕ ಶಶಿ ಕಪೂರ್ ಹಿಂದಿಯ ಯಶಸ್ವಿ ಚಿತ್ರಗಳಲ್ಲಿ ದುಡಿದದ್ದನ್ನು ‘ಜುನೂನ್’ ಮತ್ತು ‘36 ಚೌರಂಗಿ ಲೇನ್’ನಂಥ ಚಿತ್ರಗಳಿಗೆ ಸುರಿದರು. ಪತ್ನಿ ಜೆನಿಫರ್ ಅವರೊಡಗೂಡಿ 1978ರಲ್ಲಿ ಮುಂಬೈಯ ಪೃಥ್ವಿ ರಂಗಮಂದಿರ ಕಟ್ಟಿದರು. ಅತ್ತ ಜಪಾನಿನಲ್ಲಿ ಮಿಫುನೆ 1960ರ ದಶಕದಲ್ಲಿ ಸ್ವಂತ ನಿರ್ಮಾಣ ಸಂಸ್ಥೆ ತೆರೆದಿದ್ದ. ಅದೇ ಸಮಯಕ್ಕೆ ಕುರೊಸಾವಾನ ‘ರೆಡ್ ಬಿಯರ್ಡ್’ ಶುರುವಾಯಿತು. ಚಿತ್ರೀಕರಣ ಎಳೆಯುತ್ತಲೇ ಹೋಯಿತು. ಪಾತ್ರಕ್ಕಾಗಿ ಬೆಳೆಸಿದ ಗಡ್ಡವನ್ನು ಬೋಳಿಸುವಂತಿಲ್ಲ. ಗಡ್ಡವಿರುವವರೆಗೆ ಬೇರೆ ಚಿತ್ರ ಒಪ್ಪುವಂತಿಲ್ಲ. ಇತ್ತ ಸ್ವಂತ ಸಂಸ್ಥೆಯ ಸಾಲ ಏರುತ್ತಿತ್ತು. 1965ರಲ್ಲಿ ಚಿತ್ರ ತೆರೆಕಂಡ ಮೇಲೆ, 16 ಚಿತ್ರಗಳಲ್ಲಿ ಜೊತೆಗಿದ್ದ ಆ ನಟ–ನಿರ್ದೇಶಕರು ಮತ್ತೆಂದೂ ಒಂದಾಗಿ ಚಿತ್ರ ಮಾಡಲಿಲ್ಲ. ಮಿಫುನೆ ಮುಂದೆ ಸಂಸ್ಥೆ ಉಳಿಸಿಕೊಳ್ಳಲು ದೇಶವಿದೇಶಗಳ ಎಷ್ಟೋ ಸಾಧಾರಣ ಚಿತ್ರಗಳಿಗೆ ಮುಖ ಕೊಡಬೇಕಾಯಿತು.

ಆ ಗಡ್ಡದ ಕಥೆ ಓದಿದಾಗ ನನಗೆ ಶಂಕರ್ ಲೆಕ್ಕದಲ್ಲಿ ಬಿಟ್ಟುಹೋಗಿದ್ದ ಅಂಕಣ ಹೊಳೆಯಿತು. ಹಣ ಸಾಲ ಸಿಗುತ್ತದೆ. ಹೆಸರನ್ನು ಒತ್ತೆಯಿಡಬಹುದು. ನಟನೊಬ್ಬನಿಗೆ ಎಲ್ಲಿಯೂ ಕಡ ಸಿಗದ ವಸ್ತು ಕಾಲ. ಒಂದು ಖಾತೆಯಿಂದ ಇನ್ನೊಂದಕ್ಕೆ ಹಣವನ್ನು ದಾಟಿಸಿದಂತೆ ದಿನಕ್ಕೆ 24 ಗಂಟೆಯ ಮೇಲೊಂದು ಗಂಟೆಯನ್ನು ದಾಟಿಸಲು ಬರುವುದಿಲ್ಲ. ಹಗಲು ಒಬ್ಬರ ಚಿತ್ರೀಕರಣ, ಸಂಜೆ ನಾಟಕದ ತಾಲೀಮು, ರಾತ್ರಿ ಧ್ವನಿಮುದ್ರಣ ಅಥವಾ ಪ್ರಯಾಣ. ಅವರೊಡನೆ ದುಡಿದವರೆಲ್ಲರೂ ನೆನೆಯುವುದು ಅವರ ವೇಗವನ್ನು. ಆ ವೇಗವನ್ನು ನಾವು ಉತ್ಸಾಹವೆಂದು ಕೊಂಡಾಡುತ್ತೇವೆ. ಉತ್ಸಾಹವಿದ್ದದ್ದು ನಿಜ. ಆದರೆ ಎರಡು ಬದುಕುಗಳ ವೆಚ್ಚವನ್ನು ಒಂದೇ ಮೈ ತೆರುತ್ತಿತ್ತು ಎಂಬುದೂ ಅಷ್ಟೇ ನಿಜ. ಆನಗೋಡಿನ ಅಪಘಾತಕ್ಕೆ ಇದೇ ಕಾರಣವೆಂದು ನಾನು ಹೇಳಲಾರೆ. ನಸುಕಿನ ಹೆದ್ದಾರಿಯಲ್ಲಿ ವಿನಾಕಾರಣ ಸತ್ತವರು ಎಷ್ಟೋ ಮಂದಿ. ಆದರೆ ಆ ಹೊತ್ತಿನಲ್ಲಿ ಆ ರಸ್ತೆಯಲ್ಲಿ ಅವರು ಇದ್ದದ್ದು ಆ ಬಗೆಯ ಬದುಕಿನ ಫಲವೆಂಬುದನ್ನು ಅಲ್ಲಗಳೆಯಲಾರೆ. 36 ತುಂಬಲು ಇನ್ನೂ 40 ದಿನ ಬಾಕಿಯಿತ್ತು.

ಹಾಗಾದರೆ ಆ ಹೊರೆಯಲ್ಲಿ ನಮ್ಮ ಪಾಲೇನು? ಇಲ್ಲಿ ನನ್ನದೇ ಕಡತವೊಂದನ್ನು ಬಿಚ್ಚಬೇಕು.

1980ರ ದಶಕದ ಕೊನೆಯ ಭಾಗದಲ್ಲಿ ನಾನು ತಾಲ್ಲೂಕೊಂದರಲ್ಲಿ ಅಧಿಕಾರಿಯಾಗಿದ್ದೆ. ನಾಟಕದ ಹುಚ್ಚಿನ ಹತ್ತು ಹನ್ನೆರಡು ಮಂದಿ ಒಂದು ಅರ್ಜಿ ತಂದರು. ಅವರಲ್ಲಿ ಶಾಲಾ ಶಿಕ್ಷಕರು, ಹಮಾಲರು, ದರ್ಜಿಯೊಬ್ಬರು ಇದ್ದರು. ಬಳಕೆಯಿಲ್ಲದೆ ಬಿದ್ದಿದ್ದ ಹಳೆಯ ಸರ್ಕಾರಿ ಗೋದಾಮನ್ನು ತಾಲೀಮಿಗೂ ಪ್ರದರ್ಶನಕ್ಕೂ ಅಲ್ಪ ಬಾಡಿಗೆಗೆ ಕೊಡಬೇಕೆಂಬುದು ಅವರ ಬೇಡಿಕೆ. ಅವರ ಕಣ್ಣಮುಂದೆ ನೆರೆಯ ಹೂವಿನಹಡಗಲಿಯಲ್ಲಿ ಎಂ.ಪಿ. ಪ್ರಕಾಶರು ಕಟ್ಟಿದ್ದ ರಂಗಭಾರತಿಯ ಮಾದರಿಯಿತ್ತು. ನಾಟಕ ಆಡಲು ಪಟ್ಟಣಕ್ಕೆ ಓಡಬೇಕಿಲ್ಲವೆಂಬ ನಂಬಿಕೆ ಅವರದು. ನಾನು ಅರ್ಜಿಯನ್ನು ಓದಿದೆ. ಪ್ರಸ್ತಾವದಿಂದ ಗಮನಾರ್ಹ ವರಮಾನವಿಲ್ಲ, ವ್ಯಾಪಾರಿಗೆ ಕೊಟ್ಟರೆ ಹೆಚ್ಚಿನ ಬಾಡಿಗೆ ಸಾಧ್ಯ ಎಂಬರ್ಥದ ಟಿಪ್ಪಣಿ ಬರೆದು ಮೇಲೆ ಕಳಿಸಿದೆ. ಅರ್ಜಿ ತಿರಸ್ಕೃತವಾಯಿತು. ನನ್ನ ಅಕ್ಷರ ದುಂಡಗಿದ್ದವು, ನಿಯಮದ ಉಲ್ಲೇಖ ಸರಿಯಾಗಿತ್ತು.

ಯಾವ ವ್ಯಾಪಾರಿಯೂ ಬರಲಿಲ್ಲ. ಕೆಲವು ವರ್ಷಗಳ ನಂತರ ಆ ದಾರಿಯಲ್ಲಿ ಹೋದಾಗ ಗೋದಾಮಿನ ಹೆಂಚುಗಳು ಉದುರಿ ತೊಲೆಗಳು ಕಾಣುತ್ತಿದ್ದವು. ತಂಡ ಚದುರಿಹೋಗಿತ್ತು. ಅರ್ಥಶಾಸ್ತ್ರ ಓದಿದವನಾಗಿ ನಾನು ಮಾಡಿದ ತಪ್ಪು ಪ್ರಾಥಮಿಕ ಪಾಠದ್ದು. ಖಾಲಿ ಬಿದ್ದ ಕಟ್ಟಡವನ್ನು ಒಳ್ಳೆಯ ಕೆಲಸಕ್ಕೆ ಕೊಡುವುದರಿಂದ ಸಮಾಜ ಕಳೆದುಕೊಳ್ಳುವುದು ಏನೂ ಇಲ್ಲ. ಕೊಡದಿದ್ದರೆ ಕಳೆದುಕೊಳ್ಳುವುದನ್ನು ಬರೆಯಲು ನಮ್ಮ ನಮೂನೆಗಳಲ್ಲಿ ಅಂಕಣವೇ ಇಲ್ಲ. ಆ ಅಂಕಣವಿಲ್ಲದ ಕಾರಣಕ್ಕೆ ಆ ದರ್ಜಿ ಹಗಲು ಹೊಲಿಗೆ ಹೊಲಿದು ರಾತ್ರಿ ಯಾರದೋ ಅಂಗಳದಲ್ಲಿ ತಾಲೀಮು ಮಾಡಬೇಕಾಯಿತು. ಅದೇ ಕಾರಣಕ್ಕೆ ಬೆಂಗಳೂರಿನ ತಾರೆಯೊಬ್ಬರು ಹಗಲೆಲ್ಲ ಹೊಡೆದಾಟದ ಚಿತ್ರದಲ್ಲಿ ದುಡಿದು, ಉಳಿದ ಹೊತ್ತಿನಲ್ಲಿ ತಮ್ಮ ನಾಟಕವನ್ನು ಸಾಕಬೇಕಾಯಿತು. ಸಾರ್ವಜನಿಕರ ಸೊತ್ತಾಗಬೇಕಾದ ಸಂಸ್ಕೃತಿಯ ವೆಚ್ಚವನ್ನು ನಾವು ಕಲಾವಿದನ ಮೈಮೇಲೆ ಹಾಕಿ, ಆಮೇಲೆ ಅವನು ಮಾರಾಟವಾದನೆಂದು ದೂರುತ್ತೇವೆ.

1990ರ ಆ ಭಾನುವಾರ ಬಸ್ಸಿನಲ್ಲಿ ನನ್ನನ್ನು ಕಾಡಿದ್ದು ಈ ಟಿಪ್ಪಣಿಯೇ ಎಂದರೆ ಉತ್ಪ್ರೇಕ್ಷೆಯಾದೀತು. ಅಂದು ನೆನಪಾದದ್ದು ಟೂರಿಂಗ್ ಟಾಕೀಸಿನಲ್ಲಿ ಬಿಗಿಹಿಡಿದ ನನ್ನ ತುಟಿಗಳು ಮಾತ್ರ. ಟಿಪ್ಪಣಿ ನೆನಪಾದದ್ದು 2004ರಲ್ಲಿ. ಆ ವರ್ಷ ಬೆಂಗಳೂರಿನ ಜೆ.ಪಿ. ನಗರದಲ್ಲಿ ರಂಗಶಂಕರ ಬಾಗಿಲು ತೆರೆಯಿತು. ಅದೇ ಅಪಘಾತದಲ್ಲಿ ಜರ್ಝರಿತರಾಗಿ ಎದ್ದುನಿಂತ ಅರುಂಧತಿ ನಾಗ್, ಪತಿ ತೀರಿಕೊಂಡ 14 ವರ್ಷಗಳ ತರುವಾಯ, ಊರೂರು ಅಲೆದು ಹಣ ಕೂಡಿಸಿ ಕಟ್ಟಿ ನಿಲ್ಲಿಸಿದ ರಂಗಮಂದಿರ ಅದು. ನಿತ್ಯ ನಾಟಕ ನಡೆಯಬೇಕು, ಬಾಡಿಗೆ ಹವ್ಯಾಸಿ ತಂಡಗಳ ಕೈಗೆಟಕುವಂತಿರಬೇಕು ಎಂಬುದು ಅದರ ಸಂಕಲ್ಪ. ಮೊದಲ ಸಲ ಅಲ್ಲಿ ನಾಟಕ ನೋಡಿ ಹೊರಬಂದಾಗ ಪಕ್ಕದ ಜಿಲ್ಲೆಯೊಂದರಿಂದ ಬಂದಿದ್ದ ತಂಡದವರು ಮೆಟ್ಟಿಲ ಮೇಲೆ ಕುಳಿತು ಚಹಾ ಕುಡಿಯುತ್ತಿದ್ದರು. ಅವರನ್ನು ನೋಡಿದ ಕ್ಷಣದಲ್ಲಿ ಆ ದರ್ಜಿಯ ಮುಖ ಕಣ್ಣಮುಂದೆ ಬಂತು.

ನಮ್ಮ ಹರಪನಹಳ್ಳಿ ಇದ್ದಲ್ಲಿಯೇ ಇದ್ದು ಜಿಲ್ಲೆಗಳನ್ನು ಬದಲಿಸಿದ ತಾಲ್ಲೂಕು. ಬಳ್ಳಾರಿಯಲ್ಲಿದ್ದದ್ದು 1997ರಲ್ಲಿ ದಾವಣಗೆರೆಗೆ ಸೇರಿತು. 2018ರಲ್ಲಿ ಬಳ್ಳಾರಿಗೆ ಮರಳಿತು. 2021ರಿಂದ ವಿಜಯನಗರ ಜಿಲ್ಲೆಯಲ್ಲಿದೆ. ಗಡಿಗಳು ಏನೇ ಆದರೂ ಬೆಂಗಳೂರಿಗೆ ಹೋಗುವ ನನ್ನ ದಾರಿ ಮಾತ್ರ ಆನಗೋಡಿನ ಮೇಲೆಯೇ ಹಾಯುತ್ತದೆ. ಹೆದ್ದಾರಿ ಅಗಲವಾಗಿದೆ. ವಾಹನಗಳು ಅಲ್ಲಿ ವೇಗ ತಗ್ಗಿಸುವುದಿಲ್ಲ. ಆದರೆ ದಾವಣಗೆರೆಯಲ್ಲಿ ಇಳಿದು ಆಟೊ ಹತ್ತಿದರೆ, ಶಂಕರಣ್ಣ ಸತ್ತ ಮೇಲೆ ಹುಟ್ಟಿದ ಚಾಲಕನ ಗಾಡಿಯ ಹಿಂಬದಿಯಲ್ಲೂ ಒಮ್ಮೊಮ್ಮೆ ಅವರ ಚಿತ್ರ ನಗುತ್ತಿರುತ್ತದೆ. ನಾವು ಓದಿದವರು ನಷ್ಟವೆಂದು ಬರೆದ ಖಾತೆಯನ್ನು ಆ ಚಾಲಕರು ಅಭಿಮಾನದಿಂದ ಕಾಪಾಡಿಕೊಂಡು ಬಂದಿದ್ದಾರೆ. ಗಂಡುಗಲಿಯನ್ನು ಅವರಲ್ಲಿ ಬಹುಮಂದಿ ನೋಡಿರಲಾರರು. ಆದರೆ ಗಂಡುಗಲಿಯಂಥ ಪಾತ್ರಗಳನ್ನು ಆಡುವ ಸ್ವಾತಂತ್ರ್ಯವನ್ನು ಆ ನಟನಿಗೆ ಕೊಂಡುಕೊಟ್ಟದ್ದು ಅವರ ಹಿರಿಯರು ಟಾಕೀಸಿನ ಕಿಂಡಿಯಲ್ಲಿ ತೆತ್ತ ಕಾಸು.

ನನ್ನ ಹಳೆಯ ತೀರ್ಪನ್ನು ನಾನು ಹಿಂತೆಗೆದುಕೊಂಡಿದ್ದೇನೆ. ಅದರಿಂದ ಯಾರಿಗೂ ಉಪಯೋಗವಿಲ್ಲ. ಉಪಯೋಗವಾಗುವುದು ಬೇರೊಂದು ಕೆಲಸದಿಂದ. ನಮ್ಮ ಪ್ರತಿಯೊಂದು ತಾಲ್ಲೂಕಿನಲ್ಲಿಯೂ ಒಂದು ಖಾಲಿ ಗೋದಾಮು ಇದ್ದೇ ಇರುತ್ತದೆ. ಅದನ್ನು ಕೇಳಿಕೊಂಡು ಬರುವ ಹತ್ತು ಮಂದಿಯೂ ಇರುತ್ತಾರೆ. ಈಗ ಕುರ್ಚಿಯಲ್ಲಿರುವ ಕಿರಿಯ ಅಧಿಕಾರಿಗಳು ಅಂಥ ಅರ್ಜಿ ಮೇಜಿನ ಮೇಲೆ ಬಂದಾಗ ವರಮಾನದ ಅಂಕಣ ತುಂಬುವ ಮೊದಲು ಎದ್ದುಹೋಗಿ ಆ ಕಟ್ಟಡದ ಬೀಗ ತೆರೆಸಿ ನೋಡಲಿ. ನಾನು ಅದನ್ನು ಮಾಡಿರಲಿಲ್ಲ.